ಅಟ್ಟದ ಮೇಲಿನ ಕಾಯಿ



ನಾನು 38 ವರ್ಷ ಬರೆದುಕೊಂಡೇ ಬದುಕಿದವನು. ಕಥೆ, ಕವಿತೆ ಅಲ್ಲ. ಕ್ರಯಪತ್ರ, ದಾನಪತ್ರ, ವಿಭಾಗಪತ್ರ, ಹಕ್ಕು ಖುಲಾಸೆ ಪತ್ರ, ಉಯಿಲು. ತಿಪಟೂರು ಸೀಮೆಯ ಒಂದು ಉಪನೋಂದಣಿ ಕಚೇರಿಯ ಎದುರು, ಹೊಂಗೆ ಮರದ ಬುಡದಲ್ಲಿ ನನ್ನದೊಂದು ಮೇಜು ಇತ್ತು. ಮೇಜಿನ ಮುಂದೆ ಉದ್ದನೆಯ ಬೆಂಚು. ಆ ಬೆಂಚಿನ ಮೇಲೆ ಅಣ್ಣತಮ್ಮಂದಿರು ಕೂರುವ ರೀತಿ ನೋಡಿದರೇ ಯಾವ ಪತ್ರ ಬರೆಯಬೇಕು ಅನ್ನುವುದು ನನಗೆ ತಿಳಿದುಹೋಗುತ್ತಿತ್ತು. ಒತ್ತಿಕೊಂಡು ಕೂತರೆ ಕ್ರಯ, ಹೊರಗಿನವರಿಗೆ ಮಾರುತ್ತಿದ್ದಾರೆ. ನಡುವೆ ಒಬ್ಬರು ಕೂರುವಷ್ಟು ಜಾಗ ಬಿಟ್ಟರೆ ವಿಭಾಗ. ಒಬ್ಬ ಕೂತು ಇನ್ನೊಬ್ಬ ಮರಕ್ಕೆ ಒರಗಿ ನಿಂತಿದ್ದರೆ ಪತ್ರ ಅವತ್ತು ಆಗುವುದಿಲ್ಲ, ಟೀ ತರಿಸುವುದೂ ದಂಡ.

ಇವತ್ತು ನಾನು ಮಾತಾಡಬೇಕಾದದ್ದು ಆಸ್ತಿಯ ಯಜಮಾನರು ಬದುಕಿರುವಾಗಲೇ ಏಳುವ ಪಾಲಿನ ಜಗಳದ ಬಗ್ಗೆ. ಯಜಮಾನರು ಹೋದ ಮೇಲಿನ ಜಗಳ ಎಷ್ಟೇ ಕೆಟ್ಟದ್ದಿರಲಿ, ಅದನ್ನು ಕೇಳಿಸಿಕೊಳ್ಳಲು ಅವರಿರುವುದಿಲ್ಲ. ಬದುಕಿರುವಾಗಿನ ಜಗಳದಲ್ಲಿ ಆಸ್ತಿ ಯಾರದೋ ಅವರು ಒಳಮನೆಯ ಮಂಚದ ಮೇಲೆ ಗೋಡೆ ಕಡೆ ಮುಖ ಮಾಡಿ ಮಲಗಿರುತ್ತಾರೆ. ನಿದ್ದೆ ಬಂದಿರುವುದಿಲ್ಲ.

ಒಬ್ಬರ ವಿಚಾರದಿಂದ ಶುರು ಮಾಡುತ್ತೇನೆ. ಹೆಸರು ಬೇಡ, ಅಜ್ಜ ಅನ್ನೋಣ. ಆಗ ಅವರಿಗೆ 78 ವರ್ಷ. 4 ಎಕರೆ 10 ಗುಂಟೆ ತೆಂಗಿನ ತೋಟ, ಅಷ್ಟೂ ಸ್ವಂತ ದುಡಿಮೆಯಲ್ಲಿ ಎರಡು ಸಲಕ್ಕೆ ಕೊಂಡದ್ದು. ಎರಡೂ ಕ್ರಯಪತ್ರ ಬರೆದವನು ನಾನೇ. ಇಬ್ಬರು ಗಂಡುಮಕ್ಕಳು, ಒಬ್ಬಳು ಮಗಳು. ಮಕ್ಕಳು ಪಾಲಿನ ಮಾತೆತ್ತಿದಾಗಲೆಲ್ಲ ಅಜ್ಜ ಹೇಳುತ್ತಿದ್ದದ್ದು ಒಂದೇ: "ಕಾಯಿ ಅಟ್ಟದ ಮ್ಯಾಲಿರೋಗಂಟ ಕಾಯೇ ಕಣ್ರಪ್ಪಾ. ಇಳಿಸಿ, ಸುಲಿದು, ಒಡೆದ್ಮ್ಯಾಲೆ ಕೊಬ್ರಿ. ನಾನಿನ್ನೂ ಅಟ್ಟದ ಮ್ಯಾಲಿವ್ನಿ."

ಬೇರೆ ಸೀಮೆಯವರಿಗೆ ಈ ಮಾತು ಸ್ವಲ್ಪ ಬಿಡಿಸಿ ಹೇಳಬೇಕು. ನಮ್ಮ ಕಡೆ ಕಾಯಿಯನ್ನು ಒಡೆದು ಬಿಸಿಲಿಗೆ ಹಾಕುವುದಿಲ್ಲ. ಸಿಪ್ಪೆ ಸಮೇತ ಅಟ್ಟಕ್ಕೆ ಏರಿಸಿ ಹತ್ತು ಹನ್ನೊಂದು ತಿಂಗಳು ಸುಮ್ಮನೆ ಬಿಡುತ್ತೇವೆ. ಒಳಗಿನ ನೀರು ತಾನಾಗಿ ಇಂಗಬೇಕು, ತಿರುಳು ಕರಟ ಬಿಟ್ಟು ಉಂಡೆ ಕಟ್ಟಬೇಕು. ಆಗಿದೆಯೋ ಇಲ್ಲವೋ ಅಂತ ನೋಡುವುದು ಕಿವಿಯಿಂದ. ಕಾಯಿಯನ್ನು ಕಿವಿ ಹತ್ತಿರ ಹಿಡಿದು ಅಲ್ಲಾಡಿಸಿದರೆ ಗುಳುಗುಳು ಅಂದರೆ ಇನ್ನೂ ನೀರಿದೆ. ಗೊಟಗೊಟ ಅಂದರೆ ಕೊಬ್ಬರಿ. ಅವಸರಕ್ಕೆ ಒಡೆದರೆ ಕಾಯಿಯೂ ಹೋಯಿತು, ಕೊಬ್ಬರಿಯೂ ಇಲ್ಲ. ಅಜ್ಜನ ಕಿವಿ ಇದರಲ್ಲಿ ಹೆಸರುವಾಸಿ. ಮಂಡಿಯಿಂದ ವ್ಯಾಪಾರಕ್ಕೆ ಬಂದವರು ಅಜ್ಜ ಅಲ್ಲಾಡಿಸಿ ತಲೆ ಆಡಿಸುವವರೆಗೆ ದರದ ಮಾತು ಎತ್ತುತ್ತಿರಲಿಲ್ಲ.

ಅಂಥವರು ಒಂದು ದಿನ ಇಬ್ಬರು ಮಕ್ಕಳ ಜೊತೆ ನನ್ನ ಬೆಂಚಿಗೆ ಬಂದು ಕೂತರು. ಅಜ್ಜ ನಡುವೆ, ಮಕ್ಕಳು ಆಚೆ ಈಚೆ. ತೋಟ ಇಬ್ಬರಿಗೂ ಸಮ ಮಾಡಿ ದಾನಪತ್ರ ಬರೆಯಬೇಕಿತ್ತು. ನಾನು ಕರಡು ಬರೆದು ಓದಿದೆ. ನಮ್ಮ ಕಸುಬಿನ ಪತ್ರಗಳಲ್ಲಿ ಇವತ್ತಿಗೂ ನಿಧಿ, ನಿಕ್ಷೇಪ, ಜಲ, ತರು, ಪಾಷಾಣ ಅಂತ ಶಾಸನದ ಕಾಲದ ಮಾತು ಬರುತ್ತವೆ. ಚಂದ್ರ ಸೂರ್ಯರಿರುವವರೆಗೆ, ಪುತ್ರಪೌತ್ರ ಪಾರಂಪರ್ಯವಾಗಿ ಅಂತೆಲ್ಲ ಬರೆಯುತ್ತೇವೆ. ಅಜ್ಜ ಅದನ್ನೆಲ್ಲ ದೇವಸ್ಥಾನದಲ್ಲಿ ಮಂತ್ರ ಕೇಳಿದ ಹಾಗೆ ಕಣ್ಣು ಮುಚ್ಚಿ ಕೇಳಿದರು. ಕೊನೆಗೆ ನಾನಾಗಿಯೇ ಒಂದು ಸಾಲು ಸೇರಿಸಿದ್ದೆ: ದಾನ ಕೊಟ್ಟವರು ತಮ್ಮ ಜೀವಿತಾವಧಿಯವರೆಗೆ ಸದರಿ ಸ್ವತ್ತಿನ ಫಲವನ್ನು ಅನುಭವಿಸತಕ್ಕದ್ದು, ದಾನ ಪಡೆದವರು ಅವರ ಯೋಗಕ್ಷೇಮ ನೋಡಿಕೊಳ್ಳತಕ್ಕದ್ದು.

ದೊಡ್ಡ ಮಗನ ಮುಖ ಸಣ್ಣದಾಯಿತು. "ಇದೇನ್ ರೈಟರ್ ಸಾಮಿ, ನಮ್ಮಪ್ಪಂಗೆ ಅನ್ನ ಹಾಕ್ತೀವಿ ಅಂತ ಸರ್ಕಾರದ ಕಾಗದದಾಗೆ ಬರ್ಕೊಡ್ಬೇಕಾ ನಾವು?" ಅವನು ನಾಟಕ ಮಾಡುತ್ತಿರಲಿಲ್ಲ. ನಿಜಕ್ಕೂ ನೊಂದಿದ್ದ. ಅಜ್ಜ ಮಗನ ಮುಖ ನೋಡಿದರು, ನನ್ನ ಮುಖ ನೋಡಿದರು. "ಹೊಡೆದಾಕ್ಬಿಡಿ ಸಾಮಿ ಆ ಸಾಲ. ಮಕ್ಳು ಬ್ಯಾಸರ ಮಾಡ್ಕತಾರೆ."

ಹೊಡೆದುಹಾಕಿದೆ. ಒಳಗೆ ಕಂಪ್ಯೂಟರ್ ಮುಂದೆ ಹೆಬ್ಬೆಟ್ಟು ಒತ್ತಿಸುವಾಗ ಯಂತ್ರ ಅಜ್ಜನ ಬೆರಳನ್ನು ಒಪ್ಪಲಿಲ್ಲ. ಕಾಯಿ ಸುಲಿದೂ ಸುಲಿದೂ ಗೆರೆಗಳೇ ಸವೆದಿದ್ದವು. ಆ ದೊಡ್ಡ ಮಗನೇ ತನ್ನ ಅಂಗಿಯ ತುದಿಯಿಂದ ಅಪ್ಪನ ಹೆಬ್ಬೆರಳನ್ನು ಒರೆಸಿ, ಊದಿ, ಮತ್ತೆ ಒರೆಸಿ, ಮೆತ್ತಗೆ ಗಾಜಿನ ಮೇಲಿಟ್ಟ. ನಾಲ್ಕನೇ ಸಲಕ್ಕೆ ಬಂತು. ಅದನ್ನು ಕಂಡ ನನಗೆ, ನಾನು ಸುಮ್ಮನೆ ಅನುಮಾನ ಪಟ್ಟೆ ಅನ್ನಿಸಿತು.

ದಾನಪತ್ರ ಅಂದರೆ ಏನು ಅನ್ನುವುದನ್ನು ಇಲ್ಲೇ ಹೇಳಿಬಿಡುತ್ತೇನೆ. ಇಬ್ಬರು ಸಾಕ್ಷಿಗಳ ಮುಂದೆ ಸಹಿಯಾಗಿ, ನೋಂದಣಿಯಾಗಿ, ದಾನ ಪಡೆದವರು ಒಪ್ಪಿ ತೆಗೆದುಕೊಂಡರೆ ಮುಗಿಯಿತು. ನಾಳೆ ಬೆಳಿಗ್ಗೆ ಮನಸ್ಸು ಬದಲಾಯಿತು ಅಂತ ಬಂದರೆ ನಡೆಯುವುದಿಲ್ಲ. ಉಯಿಲು ಹಾಗಲ್ಲ. ಅದು ಬರೆದವರು ಕಣ್ಣು ಮುಚ್ಚಿದ ಮೇಲೆ ಎದ್ದು ನಿಲ್ಲುವ ಕಾಗದ. ಅಲ್ಲಿಯವರೆಗೆ ಎಷ್ಟು ಸಲ ಬೇಕಾದರೂ ಬದಲಾಯಿಸಬಹುದು, ಕೊನೆಯದು ಯಾವುದೋ ಅದೇ ಉಯಿಲು. ಅದಕ್ಕೂ ಇಬ್ಬರು ಸಾಕ್ಷಿ ಬೇಕು, ಆದರೆ ನೋಂದಣಿ ಕಡ್ಡಾಯವಲ್ಲ. ನಮ್ಮ ಜನ ಈ ಎರಡನ್ನೂ ಒಟ್ಟಿಗೆ 'ಮಕ್ಕಳ ಹೆಸರಿಗೆ ಬರೆದುಕೊಡೋದು' ಅನ್ನುತ್ತಾರೆ. ಅರ್ಧ ಅನಾಹುತ ಆ ಒಂದು ಮಾತಿನಲ್ಲೇ ಇದೆ.

ಇನ್ನರ್ಧ ಅನಾಹುತ 'ನಮ್ಮ' ಅನ್ನುವ ಮಾತಿನಲ್ಲಿ. ಒಬ್ಬನೇ ಮಗನಾದರೂ ಕನ್ನಡದವನು 'ನನ್ನಪ್ಪ' ಅನ್ನುವುದು ಕಡಿಮೆ, 'ನಮ್ಮಪ್ಪ' ಅನ್ನುತ್ತಾನೆ. 'ನನ್ನ ಮನೆ' ಅಂದರೆ ಸೊಕ್ಕು, 'ನಮ್ಮನೆ' ಅನ್ನಬೇಕು. ಹೀಗೆ ಹುಟ್ಟಿದಾಗಿನಿಂದ 'ನಮ್ ತೋಟ' ಅನ್ನುತ್ತ ಬೆಳೆದವನು, ಅದೇ ತೋಟಕ್ಕೆ ಇಪ್ಪತ್ತು ವರ್ಷ ನೀರು ಕಟ್ಟಿದವನು, ಒಂದು ದಿನ ಪಹಣಿ ತೆಗೆಸಿ ನೋಡುತ್ತಾನೆ. 9ನೇ ಕಾಲಂನಲ್ಲಿ ಖಾತೆದಾರ ಅಂತ ಅಪ್ಪನ ಹೆಸರು ಮಾತ್ರ ಇದೆ. ಸಾಗುವಳಿ ಬರೆಯುವ 12ನೇ ಕಾಲಂನಲ್ಲೂ ಅಭ್ಯಾಸಬಲದಿಂದ 'ಸ್ವಂತ' ಅಂತ ಹಾಕಿಬಿಟ್ಟಿರುತ್ತಾರೆ. ಅವನ ಬೆವರಿಗೆ ಯಾವ ಕಾಲಂನಲ್ಲೂ ಜಾಗವಿಲ್ಲ.

ಅಪ್ಪ ಬದುಕಿರುವಾಗ ಮಗನಿಗೆ ಹಕ್ಕಿದೆಯೇ ಅನ್ನುವುದು ನಮ್ಮ ನಾಡಿನಲ್ಲೇ 900 ವರ್ಷದ ಹಿಂದೆ ಚರ್ಚೆಯಾದ ಪ್ರಶ್ನೆ. ಈಗಿನ ಬೀದರ್ ಜಿಲ್ಲೆಯ ಬಸವಕಲ್ಯಾಣ ಆಗ ಬರೀ ಕಲ್ಯಾಣ, ಚಾಲುಕ್ಯರ ರಾಜಧಾನಿ. ಅಲ್ಲಿ ಆರನೇ ವಿಕ್ರಮಾದಿತ್ಯನ ಕಾಲದಲ್ಲಿ ವಿಜ್ಞಾನೇಶ್ವರ ಯಾಜ್ಞವಲ್ಕ್ಯ ಸ್ಮೃತಿಗೆ ಒಂದು ವ್ಯಾಖ್ಯಾನ ಬರೆದ. ಅದೇ ಮಿತಾಕ್ಷರ. ಮಿತವಾದ ಅಕ್ಷರ ಅಂತ ಹೆಸರು, ಅದರ ಮೇಲೆ ನಡೆದ ವ್ಯಾಜ್ಯಗಳಿಗೆ ಮಿತಿಯೇ ಇಲ್ಲ. ಪಿತ್ರಾರ್ಜಿತದಲ್ಲಿ ಮಗನಿಗೆ ಹಕ್ಕು ಬರುವುದು ಹುಟ್ಟಿನಿಂದ ಅಂತ ವಿಜ್ಞಾನೇಶ್ವರ ವಾದಿಸಿದ. ತಾತನಿಂದ ಬಂದ ಆಸ್ತಿಯಾದರೆ ಅಪ್ಪನಿಗೆ ಇಷ್ಟವಿಲ್ಲದಿದ್ದರೂ ಮಗ ಪಾಲು ಕೇಳಬಹುದು ಅನ್ನುವವರೆಗೂ ಹೋದ. ಬಂಗಾಳದ ಜೀಮೂತವಾಹನ ತನ್ನ ದಾಯಭಾಗದಲ್ಲಿ ಇದನ್ನು ಒಪ್ಪಲಿಲ್ಲ. ಅಪ್ಪ ಇರುವವರೆಗೆ ಅಪ್ಪನದು, ಆಮೇಲೆ ಮಕ್ಕಳದು ಅಂದ. ಭಾರತದ ಬಹುಭಾಗ ಕಲ್ಯಾಣದ ಮಾತನ್ನು ಹಿಡಿಯಿತು. ಅಂದಹಾಗೆ, ವಿಜ್ಞಾನೇಶ್ವರನಿಗೆ ಆಸರೆ ಕೊಟ್ಟ ವಿಕ್ರಮಾದಿತ್ಯ ಸಿಂಹಾಸನ ಏರಿದ್ದು 1076ರಲ್ಲಿ, ಸ್ವಂತ ಅಣ್ಣನನ್ನು ಇಳಿಸಿ. ದಾಯವಿಭಾಗದ ಪ್ರಕರಣ ಬರೆಯುವಾಗ ಪಂಡಿತನ ತಲೆಯಲ್ಲಿ ಏನೇನು ಓಡಿತ್ತೋ! ಕರಾವಳಿಯ ಅಳಿಯಸಂತಾನದವರದು ಬೇರೆಯೇ ಲೆಕ್ಕ. ಅಲ್ಲಿ ಕಾದು ಕೂರುತ್ತಿದ್ದವನು ಮಗನಲ್ಲ, ಸೋದರಳಿಯ. ಎಲ್ಲರೂ ಒಪ್ಪದೆ ಕುಟುಂಬದ ಆಸ್ತಿ ಒಡೆಯುವಂತಿರಲಿಲ್ಲ. 1949ರ ಕಾಯ್ದೆ ಬಂದ ಮೇಲೆ ಅದೂ ಸಡಿಲವಾಯಿತು.

ಈ ಹುಟ್ಟಿನ ಹಕ್ಕು ಈಗಲೂ ಇದೆ, ಆದರೆ ಜನ ಅಂದುಕೊಂಡಷ್ಟು ಕಡೆ ಇಲ್ಲ. ನನ್ನ ಬೆಂಚಿಗೆ ಬಂದ ನೂರಾರು ಮಕ್ಕಳು 'ತಾತನ ಆಸ್ತಿ, ಅಪ್ಪ ಹೆಂಗೆ ಮಾರ್ತಾರೆ' ಅಂತ ಗುಡುಗಿದ್ದಾರೆ. ತಾತನದು ಅಂದ ಕೂಡಲೇ ಪಿತ್ರಾರ್ಜಿತ ಆಗಿಬಿಡುವುದಿಲ್ಲ. 1956ರ ಹಿಂದೂ ಉತ್ತರಾಧಿಕಾರ ಕಾಯ್ದೆ ಬಂದ ಮೇಲೆ ತೀರಿಕೊಂಡ ತಾತ ಸ್ವಂತವಾಗಿ ಸಂಪಾದಿಸಿದ್ದು ಅಪ್ಪನಿಗೆ ಇಳಿದು ಬಂದಿದ್ದರೆ, ಅದು ಅಪ್ಪನ ಸ್ವಂತದ ಹಾಗೆಯೇ. ಮೊಮ್ಮಗನಿಗೆ ಅದರಲ್ಲಿ ಹುಟ್ಟಿನ ಹಕ್ಕಿಲ್ಲ. 1986ರಲ್ಲಿ ಸುಪ್ರೀಂ ಕೋರ್ಟು ಚಂದರ್ ಸೇನ್ ಪ್ರಕರಣದಲ್ಲಿ ಹಿಡಿದ ದಾರಿ ಇದು. ಅಪ್ಪ ತಾನೇ ದುಡಿದು ಕೊಂಡದ್ದಂತೂ ಸರಿಯೇ ಸರಿ. ಅವರು ಇರುವಷ್ಟು ದಿನ ಬೇರೆ ಯಾರಿಗೂ ಅದರಲ್ಲಿ ಒಂದು ಕಡ್ಡಿಯಷ್ಟೂ ಹಕ್ಕಿಲ್ಲ. ಅಮ್ಮನ ಹೆಸರಿನ ಆಸ್ತಿಯೂ ಅಷ್ಟೇ. ಅದೇ 1956ರ ಕಾಯ್ದೆಯ 14ನೇ ಕಲಂ ಹೆಂಗಸರ ಕೈಯಲ್ಲಿರುವುದನ್ನು ಪೂರ್ತಿ ಅವರದೇ ಮಾಡಿತು. ಆದರೂ ಅಮ್ಮಂದಿರು ಸಹಿ ಹಾಕುವಾಗ ಪೆನ್ನು ಹಿಡಿದು ಮಗನ ಮುಖ ನೋಡುತ್ತಾರೆ, ಯಾರದೋ ಪರೀಕ್ಷೆ ತಾವು ಬರೆಯುತ್ತಿರುವ ಹಾಗೆ.

ನಮ್ಮ ರಾಜ್ಯದಲ್ಲಿ ಇನ್ನೊಂದು ಗಂಟಿದೆ, ಫಾರಂ ನಂಬರ್ 7. ದೇವರಾಜ ಅರಸು ಕಾಲದ ಭೂಸುಧಾರಣೆಯಲ್ಲಿ ಗೇಣಿ ಜಮೀನೆಲ್ಲ 1974ರ ಮಾರ್ಚ್ 1ರಿಂದ ಸರ್ಕಾರದ ವಶವಾಗಿ, ಉಳುತ್ತಿದ್ದವರು ಫಾರಂ 7 ಕೊಟ್ಟು ಅಧಿಭೋಗದ ಹಕ್ಕು ಪಡೆದರಲ್ಲ, ಆಗ ಅರ್ಜಿ ಕೊಟ್ಟದ್ದು ಮನೆಯಲ್ಲಿ ಸಹಿ ಹಾಕಲು ಬರುತ್ತಿದ್ದ ಒಬ್ಬರು, ಸಾಮಾನ್ಯವಾಗಿ ದೊಡ್ಡಣ್ಣ. ಉತ್ತವರು ಮನೆಮಂದಿಯೆಲ್ಲ. ದೊಡ್ಡಣ್ಣ ಈಗ ಹಣ್ಣು ಮುದುಕ, ಬದುಕಿದ್ದಾನೆ. ಅವನ ಮಕ್ಕಳು 'ನಮ್ಮಪ್ಪನ ಹೆಸರಿಗೆ ಮಂಜೂರಾದದ್ದು' ಅನ್ನುತ್ತಾರೆ, ತಮ್ಮಂದಿರ ಮಕ್ಕಳು 'ಕುಟುಂಬದ ಪರವಾಗಿ ಕೊಟ್ಟ ಅರ್ಜಿ' ಅನ್ನುತ್ತಾರೆ. ಸತ್ಯ ಗೊತ್ತಿರುವವನು ಅವನೊಬ್ಬನೇ. ಅಂಥ ಒಬ್ಬರನ್ನು ಎರಡು ಕಡೆಯವರೂ ಬೇರೆ ಬೇರೆ ದಿನ ಕರೆತಂದಿದ್ದರು. ಎರಡು ಸಲವೂ ಆ ಮುದುಕ ನನ್ನ ಕಡೆ ತಿರುಗಿ, "ಆಗ ನಾವೆಲ್ಲ ಒಟ್ಟಿಗಿದ್ವಿ" ಅಂತ ಮಾತ್ರ ಹೇಳಿದ. ಅದಕ್ಕಿಂತ ಸರಿಯಾದ ಸಾಕ್ಷ್ಯ ಯಾವ ನ್ಯಾಯಮಂಡಳಿಗೂ ಸಿಕ್ಕಲಾರದು. ಆದರೆ ಅದನ್ನು ಬರೆದುಕೊಳ್ಳುವುದು ಹೇಗೆ?

ಇಷ್ಟು ಹೊತ್ತು ಕೇಳಿದವರು ನಾನು ಮುದುಕರ ವಕೀಲ ಅಂದುಕೊಂಡಿರಬಹುದು. ನನಗೇ ಈಗ ಮುದುಕರ ವಯಸ್ಸು, ಹಾಗಾಗಿ ಅನುಮಾನ ನ್ಯಾಯವೇ. ಆದರೆ ಮಗನ ಕಡೆಯಿಂದಲೂ ನೋಡಿ. ನನಗೆ ಗೊತ್ತಿರುವ ಒಬ್ಬನಿಗೆ 52 ವರ್ಷ. ಊರಲ್ಲಿ ಇನ್ನೂ 'ಇಂಥವರ ಹುಡುಗ'. ತೋಟದ ಕೆಲಸ ಅಷ್ಟೂ ಅವನದು. ಬೋರ್‌ವೆಲ್ ಮೋಟಾರು ಸುಟ್ಟುಹೋದರೆ ಅಪ್ಪನ ಹತ್ತಿರ ದುಡ್ಡು ಕೇಳಬೇಕು. ಸೊಸೈಟಿಯಲ್ಲಿ ಬೆಳೆಸಾಲಕ್ಕೆ ಹೋದರೆ ಪಹಣಿ ಯಾರ ಹೆಸರಿನಲ್ಲಿದೆ ಅನ್ನುತ್ತಾರೆ. ಕಿಸಾನ್ ಸಮ್ಮಾನ್ ಅಂತ ಕೇಂದ್ರದಿಂದ ವರ್ಷಕ್ಕೆ ಬರುವ 6,000 ರೂಪಾಯಿ ಅಪ್ಪನ ಖಾತೆಗೆ ಹೋಗುತ್ತದೆ. ಅವನ ಮಗ ಇಂಜಿನಿಯರಿಂಗ್ ಓದುತ್ತಿದ್ದಾನೆ. ಫೀಸಿಗೂ ತಾತನನ್ನೇ ಕೇಳಬೇಕು. ಅವನು ನನ್ನ ಮುಂದೆ ಒಮ್ಮೆ ಅಂದದ್ದು ಇದು: "ಸಾಮಿ, ನಮ್ಮಪ್ಪ ನೂರು ವರ್ಷ ಬಾಳ್ಲಿ. ನಾನು ಯಜಮಾನ ಆಗೋದು ಯಾವಾಗ, ಅರವತ್ತೆಂಟಕ್ಕಾ?" ಇದನ್ನು ದುರಾಸೆ ಅಂತ ಕರೆಯಲು ನನಗೆ ಬಾಯಿ ಬರುವುದಿಲ್ಲ. ಹಿಂದೆ ಅಪ್ಪಂದಿರು ಬೇಗ ಹೋಗುತ್ತಿದ್ದರು, ಮಕ್ಕಳು ಮೂವತ್ತಕ್ಕೆ ಯಜಮಾನರಾಗುತ್ತಿದ್ದರು. ಈಗ ದೇವರ ದಯೆ, ಡಾಕ್ಟರ ದಯೆ, ಅಪ್ಪ ತೊಂಬತ್ತು ಮುಟ್ಟುತ್ತಾರೆ. ಅಪ್ಪನಿಗೆ ಅರವತ್ತೈದು ತುಂಬಿದಾಗಲೇ ಕೂತು ಮಾತಾಡಬೇಕಿತ್ತು, ಆದರೆ ಯಾರು ಮೊದಲು ಬಾಯಿ ಬಿಡುವುದು? ಮಗ ಬಿಟ್ಟರೆ 'ನಾನು ಸಾಯೋದನ್ನ ಕಾಯ್ತಿದೀಯಾ' ಅನ್ನುತ್ತಾರೆ. ಅಪ್ಪ ಬಿಟ್ಟರೆ ಅಮ್ಮ 'ಬಿಡ್ತು ಅನ್ನಿ' ಅನ್ನುತ್ತಾಳೆ. ಆಮೇಲೆ ಊರ ಪಕ್ಕ ಬೈಪಾಸ್ ಬರುತ್ತದೆ. ಸರ್ವೆಯವರು ಕಲ್ಲು ನೆಟ್ಟ ವಾರಕ್ಕೇ ಎಲ್ಲರ ಬಾಯಿಯೂ ಒಟ್ಟಿಗೆ ಬಿಚ್ಚಿಕೊಳ್ಳುತ್ತದೆ.

ಮುದುಕರೂ ಕಮ್ಮಿಯಿಲ್ಲ. ಒಬ್ಬ ನಿವೃತ್ತ ನೌಕರರು ಒಂಬತ್ತು ವರ್ಷದಲ್ಲಿ ನನ್ನ ಕೈಲಿ ಐದು ಉಯಿಲು ಬರೆಸಿದರು. ಪಟ್ಟಣದಲ್ಲಿ ಒಂದು ಮನೆ, 30-40ರ ಸೈಟು, ಒಂದಿಷ್ಟು ಠೇವಣಿ. ಮೊದಲನೆಯ ಉಯಿಲು ದೊಡ್ಡ ಮಗನಿಗೆ. ಅವನು ಬೆಂಗಳೂರಿಗೆ ವರ್ಗ ಮಾಡಿಸಿಕೊಂಡದ್ದಕ್ಕೆ ಎರಡನೆಯದು ಚಿಕ್ಕವನಿಗೆ. ಚಿಕ್ಕವನ ಹೆಂಡತಿ ಟೀವಿ ಸದ್ದು ಕಡಿಮೆ ಮಾಡಲಿಲ್ಲ ಅಂತ ಮೂರನೆಯದು ಮಗಳಿಗೆ. ಕಣ್ಣಿನ ಪೊರೆ ಆಪರೇಷನ್ನಿಗೆ ದೊಡ್ಡ ಮಗ ಬಂದು ಎಂಟು ದಿನ ಇದ್ದನೆಂದು ನಾಲ್ಕನೆಯದು ಮತ್ತೆ ಅವನಿಗೆ. ಪ್ರತಿ ಸಲವೂ ಕಾಗದ ಗುಟ್ಟು. ಆದರೆ ಬರೆಸಿದ ಸಂಗತಿ ಮಾತ್ರ ಮಕ್ಕಳಿಗೆಲ್ಲ ತಿಳಿಯುವ ಹಾಗೆ ನೋಡಿಕೊಳ್ಳುತ್ತಿದ್ದರು. ನಾನು ಒಂದು ದಿನ ತಡೆಯಲಾರದೆ ಕೇಳಿದೆ, "ಸಾರ್, ಯಾಕೆ ಹಿಂಗೆ?" ಅವರು ಕನ್ನಡಕ ಒರೆಸುತ್ತ, "ಉಯಿಲು ಬದಲಾಗೋವರೆಗೆ ಫೋನ್ ಬರ್ತಾ ಇರುತ್ತೆ ಕಣ್ರೀ" ಅಂದರು. ಐದನೆಯದನ್ನು ಮೂವರಿಗೂ ಸಮ ಮಾಡಿ ಬರೆಸಿದರು. ಅದೊಂದನ್ನು ಮಾತ್ರ ಯಾರಿಗೂ ಹೇಳಬೇಡಿ ಅಂದರು, ಫೋನು ನಿಂತುಹೋಗುತ್ತದೆ ಅಂತ.

ಹೆಣ್ಣುಮಕ್ಕಳ ವಿಚಾರಕ್ಕೆ ಬರುತ್ತೇನೆ. 'ನಮ್ಮನೆ' ಅನ್ನುವ ಮಾತನ್ನು ಬಿಟ್ಟು 'ನಮ್ಮಪ್ಪನ ಮನೆ' ಅನ್ನಲು ಕಲಿಯುವವಳು ಅವಳೊಬ್ಬಳೇ. ಮದುವೆಯಾದ ಮರುದಿನದಿಂದ ಅವಳ ಮಾತಿನಲ್ಲಿ ಆ ಬದಲಾವಣೆ ಆಗುತ್ತದೆ, ಯಾರೂ ಹೇಳಿಕೊಡಬೇಕಿಲ್ಲ. ಕಾಯ್ದೆ ಮಾತ್ರ ಉಲ್ಟಾ ದಿಕ್ಕಿಗೆ ನಡೆಯಿತು. ಪಿತ್ರಾರ್ಜಿತದಲ್ಲಿ ಹೆಣ್ಣಿಗೂ ಹುಟ್ಟಿನಿಂದ ಸಮಪಾಲು ಅಂತ ಕರ್ನಾಟಕ ತನ್ನದೇ ತಿದ್ದುಪಡಿ ತಂದು ಜಾರಿ ಮಾಡಿದ್ದು 1994ರ ಜುಲೈ 30ರಂದು. ಆದರೆ ಅದಕ್ಕೆ ಮೊದಲೇ ಮದುವೆಯಾಗಿದ್ದವರನ್ನು ಹೊರಗಿಟ್ಟಿತು. 2005ರ ಸೆಪ್ಟೆಂಬರ್ 9ಕ್ಕೆ ಬಂದ ಕೇಂದ್ರದ ತಿದ್ದುಪಡಿ ಆ ಗೋಡೆಯನ್ನೂ ತೆಗೆಯಿತು. ಅವತ್ತು ಅಪ್ಪ ಬದುಕಿರಬೇಕಿತ್ತೋ ಬೇಡವೋ ಅಂತ ಇನ್ನೂ 15 ವರ್ಷ ಕೋರ್ಟುಗಳು ಜಗ್ಗಾಡಿದವು. ಬದುಕಿರಬೇಕು ಅಂತ 2015ರಲ್ಲಿ ಹೇಳಿದ ಸುಪ್ರೀಂ ಕೋರ್ಟು, ಬೇಕಿಲ್ಲ ಅಂತ 2020ರ ಆಗಸ್ಟಿನಲ್ಲಿ ವಿನೀತಾ ಶರ್ಮಾ ಪ್ರಕರಣದಲ್ಲಿ ಇತ್ಯರ್ಥ ಮಾಡಿತು.

ಅಲ್ಲಿಂದೀಚೆಗೆ ನನ್ನ ಮೇಜಿನ ಮೇಲೆ ಹಕ್ಕು ಖುಲಾಸೆ ಪತ್ರಗಳು ಹೆಚ್ಚಾದವು. ಅಣ್ಣಂದಿರು ಕಾರು ಮಾಡಿಕೊಂಡು ತಂಗಿಯರನ್ನು ಕರೆತರುತ್ತಿದ್ದರು. ಕಾರಿನ ಹಿಂದಿನ ಸೀಟಿನಲ್ಲಿ ಸೀರೆ ಅಂಗಡಿಯ ಚೀಲ. 'ಅರಿಶಿನ ಕುಂಕುಮದ ಬಾಬ್ತು' ಅಂತ ಒಂದು ಸಣ್ಣ ಮೊತ್ತ. ಒಬ್ಬಳು ಹೆಣ್ಣುಮಗಳು ಮಾತ್ರ ಕಾಗದವನ್ನು ಕೈಗೆ ತೆಗೆದುಕೊಂಡು ಮೊದಲಿಂದ ಕೊನೆಯವರೆಗೆ ಓದಿದಳು. ಶಾಲೆಯಲ್ಲಿ ಟೀಚರು. ಅಪ್ಪ ಕೊಂಡ ಸೈಟಿನ ಮೇಲೆ ತನಗೆ ಮುಂದೆ ಬರಬಹುದಾದ ಹಕ್ಕನ್ನು ಬಿಟ್ಟುಕೊಡುತ್ತೇನೆ ಅಂತ ಇತ್ತು. ಅಣ್ಣಂದಿರು ಬೇರೆ ಯಾರ ಕೈಲೋ ಬರೆಸಿಕೊಂಡು ಬಂದಿದ್ದ ಕರಡು ಅದು. ಅವಳು ತಲೆಯೆತ್ತಿ ಕೇಳಿದಳು, "ಅಪ್ಪಾಜಿ ಚೆನ್ನಾಗಿದಾರೆ. ಸೈಟು ಅವರದು. ಹಂಗಿದ್ಮೇಲೆ ನಾನು ಏನನ್ನ ಬಿಡಬೇಕು ಅಣ್ಣಯ್ಯ?"

ನಾನು 38 ವರ್ಷದಲ್ಲಿ ಕೇಳಿದ ಅತ್ಯಂತ ಚೊಕ್ಕ ಕಾನೂನಿನ ಪ್ರಶ್ನೆ ಅದು. ಅಪ್ಪನ ಸ್ವಯಾರ್ಜಿತದಲ್ಲಿ, ಅಪ್ಪ ಇರುವಾಗ, ಮಕ್ಕಳಿಗಿರುವುದು ಬರೀ ನಿರೀಕ್ಷೆ. ವಾರಸುದಾರನಾಗುವ ನಿರೀಕ್ಷೆಯನ್ನು ಆಸ್ತಿ ವರ್ಗಾವಣೆ ಕಾಯ್ದೆ ಆಸ್ತಿ ಅಂತಲೇ ಎಣಿಸುವುದಿಲ್ಲ, ಅದನ್ನು ಮಾರುವುದಕ್ಕೂ ಆಗುವುದಿಲ್ಲ, ಕೊಡುವುದಕ್ಕೂ ಆಗುವುದಿಲ್ಲ. ಆ ಅಣ್ಣಂದಿರು ಇಲ್ಲದ ವಸ್ತುವಿಗೆ ರಸೀದಿ ಕೇಳುತ್ತಿದ್ದರು. ಅವಳು ಸಹಿ ಹಾಕಲಿಲ್ಲ. ಸೀರೆಯನ್ನು ಮಾತ್ರ ತೆಗೆದುಕೊಂಡಳು. "ಬಣ್ಣ ಚೆನ್ನಾಗಿದೆ" ಅಂತಲೂ ಹೇಳಿದಳು. ಅಣ್ಣಂದಿರು ಅವಳನ್ನು ಕಾರಿನಲ್ಲಿ ವಾಪಸ್ಸು ಬಿಟ್ಟರೋ, ಬಸ್ಸಿಗೆ ಹತ್ತಿಸಿದರೋ ನಾನು ನೋಡಲಿಲ್ಲ.

ಈಗ ಮತ್ತೆ ನಮ್ಮ ಅಜ್ಜನ ಹತ್ತಿರ ಹೋಗೋಣ. ಪತ್ರವಾಗಿ ಒಂದೂವರೆ ವರ್ಷದ ಮೇಲೆ ಒಂದು ಮಧ್ಯಾಹ್ನ ಒಬ್ಬರೇ ಬಂದರು. ಬೆಂಚಿನ ಮೇಲೆ ಕೂತು ಬಹಳ ಹೊತ್ತು ಹೊಂಗೆ ಹೂವು ಬೀಳುವುದನ್ನು ನೋಡಿದರು. ಊಟ? ಚೆನ್ನಾಗಿ ಹಾಕುತ್ತಾರೆ. ಔಷಧಿ? ತಿಂಗಳಿಗೆ ಸರಿಯಾಗಿ ತರುತ್ತಾರೆ. ಬೈದರಾ? ಛೆ ಛೆ, ಇಲ್ಲ. ಮತ್ತೇನು? "ಮೊನ್ನೆ ಮಂಡಿಯವ್ರು ಬಂದಿದ್ರು ಸಾಮಿ. ಕೊಬ್ರಿ ಇಳಿಸಿದ್ರು. ನನ್ನ ಕರೀನೇ ಇಲ್ಲ."

ಅಷ್ಟೇ. ವ್ಯಾಪಾರ ಅಂಗಳದಲ್ಲಿ ನಡೆದಿದೆ. ಅಜ್ಜ ಜಗಲಿಯ ಮೇಲೆ ಕೂತಿದ್ದಾರೆ. ಅದೇ ಹಳೆಯ ವರ್ತಕ ಇವರ ಕಡೆ ನೋಡಿ ಕೈ ಮುಗಿದು, ದರದ ಮಾತನ್ನು ದೊಡ್ಡ ಮಗನ ಜೊತೆ ಆಡಿದ್ದಾನೆ. ಮಗ ತಾನೇ ಒಂದು ಕಾಯಿ ಅಲ್ಲಾಡಿಸಿ ತಲೆ ಆಡಿಸಿದ್ದಾನೆ. "ಅವ್ನಿಗೆ ಕಿವಿ ಇಲ್ಲ ಸಾಮಿ. ನೂರಕ್ಕೆ ಹತ್ತು ಹಸಿ ಇತ್ತು. ನಾನು ಅಲ್ಲೇ ಕೂತಿದ್ದೆ."

ನಾನು ಕಸುಬಿನವನು, ಕಾಯ್ದೆ ಹೇಳಲು ಶುರುಮಾಡಿದೆ. 2007ರಲ್ಲಿ ತಂದೆತಾಯಿಯರ ಮತ್ತು ಹಿರಿಯ ನಾಗರಿಕರ ಪೋಷಣೆ, ಕಲ್ಯಾಣಕ್ಕೆ ಒಂದು ಕಾಯ್ದೆ ಬಂದಿದೆ. 60 ತುಂಬಿದವರು ಉಪವಿಭಾಗಾಧಿಕಾರಿಗಳ ಮುಂದೆ ಖುದ್ದಾಗಿ ಅರ್ಜಿ ಕೊಡಬಹುದು. ಅವರೇ ನ್ಯಾಯಮಂಡಳಿಯ ಅಧ್ಯಕ್ಷರು, ಮೇಲ್ಮನವಿ ಜಿಲ್ಲಾಧಿಕಾರಿಗಳಿಗೆ. ತಿಂಗಳಿಗೆ 10,000 ರೂಪಾಯಿವರೆಗೆ ಜೀವನಾಂಶ ಕೊಡಿಸಬಹುದು. ಅದರ 23ನೇ ಕಲಂ ಪ್ರಕಾರ, ನೋಡಿಕೊಳ್ಳಬೇಕು ಅನ್ನುವ ಷರತ್ತಿನ ಮೇಲೆ ಬರೆದುಕೊಟ್ಟು, ಪಡೆದವರು ನೋಡಿಕೊಳ್ಳದಿದ್ದರೆ ಆ ಪತ್ರವನ್ನೇ ರದ್ದು ಮಾಡಿಸಬಹುದು. ಷರತ್ತು ಇತ್ತು ಅನ್ನುವುದನ್ನು ಸಾಬೀತು ಮಾಡಲೇಬೇಕು ಅಂತ ಸುಪ್ರೀಂ ಕೋರ್ಟು 2022ರ ಡಿಸೆಂಬರಿನಲ್ಲಿ ಬಿಗಿಯಾಗಿ ಹೇಳಿತು. 2025ರ ಜನವರಿಯಲ್ಲಿ ಮಧ್ಯಪ್ರದೇಶದ ತಾಯಿಯೊಬ್ಬರ ಪ್ರಕರಣದಲ್ಲಿ ಸ್ವಲ್ಪ ಮೆದುವಾಯಿತು. ಅಲ್ಲಿ ಮಗ ನೋಡಿಕೊಳ್ಳುತ್ತೇನೆ ಅಂತ ಬೇರೆ ಕಾಗದದಲ್ಲಿ ಮಾತು ಬರೆದುಕೊಟ್ಟದ್ದನ್ನೂ ಸೇರಿಸಿ ಓದಿ, ಹಿರಿಯರ ರಕ್ಷಣೆಗೆ ಮಾಡಿದ ಕಾಯ್ದೆಯನ್ನು ಉದಾರವಾಗಿ ನೋಡಬೇಕು ಅಂತ ದಾನಪತ್ರವನ್ನೇ ರದ್ದುಮಾಡಿ ಆಸ್ತಿ ತಾಯಿಗೆ ಮರಳಿಸಿದರು.

ಹೇಳುತ್ತ ಹೇಳುತ್ತ ನನ್ನ ಮಾತು ನಿಂತಿತು. ನಾನು ಹೊಡೆದುಹಾಕಿದ ಸಾಲು ನನಗೇ ನೆನಪಾಯಿತು. ಅದಿದ್ದಿದ್ದರೂ ಏನಾಗುತ್ತಿತ್ತು? ಪೋಷಣೆ ಅಂದರೆ ಅನ್ನ, ಬಟ್ಟೆ, ವಸತಿ, ಚಿಕಿತ್ಸೆ ಅಂತ ಕಾಯ್ದೆ ಅರ್ಥ ಹೇಳುತ್ತದೆ. ಅಜ್ಜನಿಗೆ ನಾಲ್ಕೂ ಸಿಗುತ್ತಿದ್ದವು. ಕಾಯಿ ಅಲ್ಲಾಡಿಸಲು ಕರೆಯಲಿಲ್ಲ ಅನ್ನುವುದಕ್ಕೆ ಯಾವ ಕಲಂ ಹಾಕಲಿ? ಫಲ ಅನುಭವಿಸುವ ಹಕ್ಕು ಉಳಿಸಿಕೊಂಡಿದ್ದರೆ ಕೊಬ್ಬರಿ ಅವರದೇ ಆಗಿರುತ್ತಿತ್ತು, ಆಗ ಮಂಡಿಯವರು ಜಗಲಿಯ ಹತ್ತಿರಕ್ಕೇ ಬರಬೇಕಾಗುತ್ತಿತ್ತು. ನಾನು ಅನ್ನಕ್ಕೆ ಅಂತ ಬರೆದಿದ್ದ ಸಾಲು ಅದು. ಮಗ ನೊಂದುಕೊಂಡದ್ದೂ ಅನ್ನದ ಮಾತಿಗೇ. ಅದರಲ್ಲಿ ಇನ್ನೇನಿತ್ತು ಅನ್ನುವುದು ಬೆಂಚಿನ ಮೇಲೆ ಕೂತಿದ್ದ ಮೂವರಿಗೂ, ಬರೆದ ನನಗೂ ಹೊಳೆದಿರಲಿಲ್ಲ.

"ಅರ್ಜಿ ಬರೀಲಾ?" ಅಂದೆ. "ಮಗಂಗೆ ಪೋಲೀಸ್ ಗೀಲೀಸ್ ಏನಾದ್ರೂ...?" "ಇಲ್ಲ, ಕರೆಸಿ ಕೇಳ್ತಾರೆ ಅಷ್ಟೇ." ಅಜ್ಜ ಯೋಚಿಸಿದರು. "ಕರೆಸಿ ಕೇಳ್ತಾರಾ... ಬ್ಯಾಡ ಬಿಡಿ ಸಾಮಿ. ಅವ್ನು ಅಲ್ಲೆಲ್ಲ ನಿಂತ್ಕಂಡು ಮಾತಾಡಕ್ಕೆ ಬರಲ್ಲ ಅವ್ನಿಗೆ. ಸಣ್ಣೋನಿದ್ದಾಗಿಂದ್ಲೂ ಹೆದ್ರುಪುಕ್ಲ."

ಎದ್ದವರು ಮತ್ತೆ ಕೂತರು. ಹೆಗಲ ಚೀಲದಿಂದ ಒಂದು ಕಾಯಿ ತೆಗೆದರು. ಸಿಪ್ಪೆ ಸುಲಿದು ಜುಟ್ಟು ಬಿಟ್ಟಿದ್ದ ಕಾಯಿ. ತಮ್ಮ ಕಿವಿಗೆ ಹಿಡಿದು ಒಮ್ಮೆ ಅಲ್ಲಾಡಿಸಿ, ನನ್ನ ಕಿವಿಯ ಹತ್ತಿರ ತಂದು ಹಿಡಿದರು.

"ನೀವು ಕೇಳಿ ಹೇಳಿ ಸಾಮಿ. ಆಗೈತಾ?"

ಕಚೇರಿಯ ಮುಂದೆ ಬಸ್ಸೊಂದು ಹಾದುಹೋಗುತ್ತಿತ್ತು. ನನ್ನ ಕಿವಿಯೂ ಈಗ ಅಷ್ಟಕ್ಕಷ್ಟೇ. "ಇನ್ನೊಂದ್ಸಲ ಅಲ್ಲಾಡ್ಸಿ" ಅಂದೆ.